ಗಡಾಯಿಕಲ್ಲಿನ ಕುದುರೆ ಲಾಯ

ಗೈಡ್ ಕೆಲಸಕ್ಕೆ ಹೊಸದಾಗಿ ಸೇರಿದ ಇಬ್ಬರು ಹೋದ ವಾರ ನಮ್ಮ ಮನೆಗೆ ಬಂದಿದ್ದರು. ಒಬ್ಬಳು ಹುಡುಗಿ, ಒಬ್ಬ ಹುಡುಗ. ಬೆಲ್ಲ ನೀರು ಕುಡಿದು, ಬೆನ್ನ ಹಿಂದಿನ ಚೀಲ ಕೆಳಗಿಟ್ಟು, "ಸಂಜೀವಣ್ಣ, ನಿಮ್ಮ ಕಾಲದಲ್ಲಿ ಈ ಕೆಲಸ ಹೇಗಿತ್ತೂಂತ ಸ್ವಲ್ಪ ಬರೆದು ಕೊಡಿ" ಎಂದು ಕೇಳಿದರು. ಕೊಡುತ್ತೇನೆ ಎಂದೆ. ಅವರು ಹೋದ ಮೇಲೆ ಎಲ್ಲಿಂದ ಶುರು ಮಾಡುವುದು ಎಂದು ಯೋಚಿಸಿದಾಗ ನಗು ಬಂತು. ನಾನು ಆಚೆಗೂ ಈಚೆಗೂ ಸುತ್ತಿ ಬಳಸಿ ಬರೆಯುವವನಲ್ಲ, ಆದ್ದರಿಂದ ಮುಚ್ಚಿಟ್ಟದ್ದನ್ನೇ ಮೊದಲು ಹೇಳುತ್ತೇನೆ. ಗಡಾಯಿಕಲ್ಲಿನ ಕೋಟೆಯನ್ನು ಜನರಿಗೆ ತೋರಿಸುವ ಕೆಲಸದಲ್ಲಿ ಮೊದಲ ಮೂರು ವರ್ಷ ನಾನು ಆ ಕೋಟೆಯನ್ನು ಹತ್ತಿಯೇ ಇರಲಿಲ್ಲ.

ಅದು ಐವತ್ತರ ದಶಕದ ಕೊನೆಯ ಮಾತು. ಬಂಟ್ವಾಳ ಪೇಟೆಯಲ್ಲಿ ಕಾಮತ್ ಮಾಮ್ ಎಂಬವರ ಹೋಟೆಲಿತ್ತು. ಕೆಳಗೆ ತಿಂಡಿ ಊಟ, ಮಹಡಿಯಲ್ಲಿ ಉಳಿದುಕೊಳ್ಳುವವರಿಗೆ ಆರು ಕೋಣೆ. ಪ್ರತಿ ಮಳೆಗಾಲ ನೇತ್ರಾವತಿ ಅವರ ಹೋಟೆಲಿನ ಒಳಗೆ ಬಂದು ಹೋಗುತ್ತಿದ್ದಳು. ಯಾವ ವರ್ಷ ನೀರು ಎಲ್ಲಿವರೆಗೆ ಬಂತೆಂದು ಮಾಮ್ ಗೋಡೆಯ ಮೇಲೆ ಗೆರೆ ಎಳೆದಿದ್ದರು. ಊಟಕ್ಕೆ ಕೂತವರೆಲ್ಲ ಆ ಗೆರೆಗಳನ್ನು ನೋಡಿ ಬೆರಗಾಗುವುದನ್ನು ಕಂಡು ಅವರಿಗೆ ಒಂದು ಯೋಚನೆ ಹೊಳೆಯಿತು. ಗೋಡೆಯ ಗೆರೆ ನೋಡಲಿಕ್ಕೇ ಜನಕ್ಕೆ ಇಷ್ಟು ಆಸೆ ಇರುವಾಗ, ಹಳೇ ಯುದ್ಧದ ಜಾಗಗಳನ್ನು ತೋರಿಸಿದರೆ ಬಾರದೆ ಇರುತ್ತಾರೆಯೇ?

ಘಟ್ಟದ ಮೇಲಿನ ಕಾಫಿ ತೋಟದವರಿಂದ ಒಂದು ಹಳೇ ವ್ಯಾನು ತಂದರು. ಡ್ರೈವರ್ ಹಸನಬ್ಬ, ಗೈಡ್ ನಾನು, ಒಂದು ಸಲಕ್ಕೆ ಆರೇ ಜನ. ಭಾನುವಾರ ಬೆಳಿಗ್ಗೆ ಬಂಟ್ವಾಳದಲ್ಲಿ ಹೊಳೆಬದಿಯ ಗದ್ದೆ, ಅಲ್ಲಿ ಹಿಂದೆ ದಂಡು ಬೀಡು ಬಿಟ್ಟಿತ್ತೆಂದು ಹಿರಿಯರು ಹೇಳುತ್ತಿದ್ದರು. ಅಲ್ಲಿಂದ ಮೂಡಬಿದಿರೆಯ ಅರಮನೆ, ಪರಂಗಿಗಳ ಮೇಲೆ ಕತ್ತಿ ಎತ್ತಿದ ರಾಣಿಯ ಮನೆತನದ್ದು. ಮತ್ತೆ ವೇಣೂರಿನ ದಾರಿಯಾಗಿ ಬೆಳ್ತಂಗಡಿ, ಕೊನೆಗೆ ಗಡಾಯಿಕಲ್ಲು. ಸುಲ್ತಾನರ ಕಾಲದಲ್ಲಿ ಕಟ್ಟಿದ ಕೋಟೆ, ಇಂಗ್ಲಿಷರು ಮುತ್ತಿಗೆ ಹಾಕಿ ತೆಗೆದುಕೊಂಡದ್ದು. ಒಂದೇ ಕಲ್ಲಿನ ಬೆಟ್ಟ, ಕಲ್ಲಿನಲ್ಲೇ ಕಡಿದ ಮೆಟ್ಟಿಲು.

ನನ್ನನ್ನು ಕೆಲಸಕ್ಕೆ ತೆಗೆದುಕೊಂಡದ್ದು ನಾಲ್ಕು ಮಾತಿನಲ್ಲಿ.

"ನಿನ್ನ ಊರು ಎಲ್ಲಿ?"

"ಲಾಯಿಲ."

"ಹಾಗಾದ್ರೆ ಕೋಟೆ ಹತ್ತಿ ಗೊತ್ತುಂಟು."

"ಎಷ್ಟೋ ಸಲ" ಎಂದೆ.

ಲಾಯಿಲದಲ್ಲಿ ಯಾರ ಅಂಗಳದಲ್ಲಿ ನಿಂತರೂ ಗಡಾಯಿಕಲ್ಲು ಕಾಣುತ್ತದೆ. ಹಲ್ಲುಜ್ಜುವಾಗ ಅದನ್ನೇ ನೋಡುವುದು, ಮಳೆ ಬರುತ್ತದೋ ಇಲ್ಲವೋ ಎಂದು ಅದನ್ನೇ ಕೇಳುವುದು. ಅಲ್ಲಿ ಹುಟ್ಟಿದವನನ್ನು ಕೋಟೆ ಹತ್ತಿದ್ದೀಯಾ ಎಂದು ಯಾರೂ ಕೇಳುವುದಿಲ್ಲ. ಹಾಗಾಗಿ ನಾವು ಹತ್ತುವುದೂ ಇಲ್ಲ. ಅದರ ಮೇಲೆ ನನಗೆ ಎತ್ತರವೆಂದರೆ ಆಗದು. ಮನೆಯ ಮಾಡಿನ ರಿಪೇರಿಗೆ ಏಣಿಯ ನಾಲ್ಕನೇ ಮೆಟ್ಟಿಲು ಹತ್ತಿದರೆ ತಲೆ ಗಿರ್ರನೆ ತಿರುಗುತ್ತದೆ. ಇದು ಮನೆಯವರಿಗೆ ಬಿಟ್ಟರೆ ಹಸನಬ್ಬನಿಗೆ ಮಾತ್ರ ಗೊತ್ತಿತ್ತು.

ಮತ್ತೆ ಕೆಲಸ ಹೇಗೆ ಮಾಡಿದೆ ಎಂದು ಕೇಳುತ್ತೀರಿ. ಬೆಟ್ಟದ ಅರ್ಧದಲ್ಲಿ ಕುಸಿದ ಒಂದು ಬಾಗಿಲು ಉಂಟು. ಅಲ್ಲಿವರೆಗೆ ಎರಡೂ ಬದಿ ಕಾಡು, ಕೆಳಗಿನ ಆಳ ಕಾಣುವುದಿಲ್ಲ. ಅದರಿಂದ ಮುಂದೆ ಬೋಳು ಕಲ್ಲು. ಆ ಬಾಗಿಲಿನ ಪಕ್ಕದಲ್ಲಿ ಕೂರಲು ಹೇಳಿ ಮಾಡಿಸಿದಂಥ ಒಂದು ಚಪ್ಪಟೆ ಕಲ್ಲಿತ್ತು. ಅಲ್ಲಿ ನಿಂತು ನಾನು ಗಂಭೀರವಾಗಿ ಹೇಳುತ್ತಿದ್ದೆ, "ಇಲ್ಲಿಂದ ಮುಂದೆ ದಾರಿ ಒಂದೇ. ವೀರರು ನಡೆದ ದಾರಿಯಲ್ಲಿ ನೀವು ನೀವಾಗಿಯೇ ನಡೆದು, ನಿಮ್ಮ ಕಣ್ಣಿನಿಂದ ನೋಡಿ ಬರಬೇಕು." ಜನ ತಲೆಯಾಡಿಸಿ ಹೋಗುತ್ತಿದ್ದರು. ನಾನು ಕಲ್ಲಿನ ಮೇಲೆ ಕೂತು ವೀಳ್ಯ ಹಾಕುತ್ತಿದ್ದೆ. ಅವರು ಇಳಿದು ಬಂದಾಗ ಪರೀಕ್ಷೆ ಮಾಡುವ ಮೇಷ್ಟ್ರ ಹಾಗೆ, "ಮೇಲೆ ಎಂತ ಎಲ್ಲ ಉಂಟು? ಹೇಳಿ ನೋಡುವ" ಎನ್ನುತ್ತಿದ್ದೆ. ಅವರು ಹೇಳುತ್ತಿದ್ದರು: ಮಳೆ ನೀರಿನ ಕೆರೆ, ತುಂಡಾದ ಗೋಡೆ, ಒಂದು ಫಿರಂಗಿ, ಶಲ್ಯ ಹಾರಿಸಿಕೊಂಡು ಹೋಗುವ ಗಾಳಿ. ಅದನ್ನೆಲ್ಲ ನೆನಪಿಟ್ಟು ಮುಂದಿನ ವಾರದವರಿಗೆ ನಾನು ವರ್ಣಿಸುತ್ತಿದ್ದೆ. ಆರು ತಿಂಗಳಲ್ಲಿ ಬೆಟ್ಟದ ನೆತ್ತಿ ನನಗೆ ಅಂಗೈಯಷ್ಟು ಪರಿಚಯವಾಯಿತು.

"ನೀನು ಗೈಡೋ, ಅಂಚೆ ಪೆಟ್ಟಿಗೆಯೋ?" ಎಂದು ಹಸನಬ್ಬ ಕೇಳುತ್ತಿದ್ದ. "ಅವರು ಹಾಕ್ತಾರೆ, ಇವರು ತೆಗೀತಾರೆ."

ಮೂಡಬಿದಿರೆಯಲ್ಲಿ ನನಗೆ ಇಂಥ ಕಷ್ಟ ಇರಲಿಲ್ಲ. ಅರಮನೆಯ ಮರದ ಕಂಬದ ಕೆತ್ತನೆಯಲ್ಲಿ ಐದು ಹೆಂಗಸರು ಸೇರಿ ಒಂದು ಕುದುರೆ ಆಗಿದ್ದಾರೆ. ಮೊದಲು ಕುದುರೆ ತೋರಿಸಿ ಹೆಂಗಸರನ್ನು ಎಣಿಸಲು ಹೇಳಿದರೆ ಒಬ್ಬರಿಗೂ ಐದು ಸಿಗುವುದಿಲ್ಲ. ಐದು ಹೆಂಗಸರೆಂದು ಮೊದಲೇ ಹೇಳಿದರೆ ಕುದುರೆಯೇ ಕಾಣುವುದಿಲ್ಲ. ಈ ಕೆಲಸಕ್ಕೆ ಸೇರಿದವರಿಗೆ ನನ್ನದು ಒಂದು ಬುದ್ಧಿಮಾತು: ಉತ್ತರವನ್ನು ಕಿಸೆಯಲ್ಲಿ ಇಟ್ಟುಕೊಳ್ಳಿ, ಜನ ಹುಡುಕಲಿ.

ಯುದ್ಧದ ಕಥೆ ಹೇಳುವುದರಲ್ಲಿ ನಾನು ಆಟದ ವೇಷಧಾರಿಗಳ ದಾರಿ ಹಿಡಿದಿದ್ದೆ. ಸಣ್ಣಂದಿನಿಂದ ಯಕ್ಷಗಾನ ನೋಡಿದವ, ಸುಲ್ತಾನರ ಕಿಲ್ಲೇದಾರನಿಗೂ ಇಂಗ್ಲಿಷ್ ಕರ್ನಲನಿಗೂ ಪದಕ್ಕೆ ಪದ, ಅರ್ಥಕ್ಕೆ ಅರ್ಥ ಕೊಟ್ಟು, ಕೈ ಬೀಸಿ ಕಾಲು ಕುಟ್ಟಿ ಹೇಳುತ್ತಿದ್ದೆ. ಒಂದು ಸಲ ಪುತ್ತೂರು ಕಡೆಯ ನಿವೃತ್ತ ಸುಬೇದಾರರೊಬ್ಬರು ಬಂದಿದ್ದರು. ಬರ್ಮಾದಲ್ಲಿ ಯುದ್ಧ ಮಾಡಿದವರು. ನನ್ನ ಹಾರಾಟವನ್ನೆಲ್ಲ ಕೇಳಿ ಮುಗಿದ ಮೇಲೆ ಮೆಲ್ಲಗೆ ಬದಿಗೆ ಕರೆದರು.

"ಚಂದ ಹೇಳ್ತೀರಿ. ಆದ್ರೆ ಯುದ್ಧ ಅಂದ್ರೆ ಇಷ್ಟು ಗೌಜಿ ಇಲ್ಲ. ನಾನು ಮೂರು ವರ್ಷ ಇದ್ದೆ, ಹೆಚ್ಚಿನ ಹೊತ್ತು ಕಾದದ್ದೇ. ಕೂತು ಕೂತು ಬೇಸರ ಬಂದು ಇರುವೆ ಲೆಕ್ಕ ಹಾಕಿದ್ದೇವೆ."

ನನಗೆ ಆಗ ಅದು ರುಚಿಸಲಿಲ್ಲ. ಇರುವೆ ಲೆಕ್ಕ ಹಾಕುವ ಯುದ್ಧ ನೋಡಲಿಕ್ಕೆ ಯಾರು ಬರುತ್ತಾರೆ ಎಂದುಕೊಂಡೆ.

ಈಗ ಕುದುರೆ ಲಾಯಕ್ಕೆ ಬರುತ್ತೇನೆ. ಎರಡನೇ ವರ್ಷದಲ್ಲಿ ಕಾರ್ಕಳದ ವಕೀಲರೊಬ್ಬರು ಬಂದಿದ್ದರು. ಮುಖದಲ್ಲಿ ಒಂದು ಗೆರೆಯೂ ಅಲುಗದ ಮನುಷ್ಯ. ಕೋಟೆ ಇಳಿದು ಬಂದವರನ್ನು ಎಂದಿನಂತೆ ಕೇಳಿದಾಗ ಅವರು, "ಎಲ್ಲ ನೋಡಿದೆವು. ಆ ಕುದುರೆ ಲಾಯ ಮಾತ್ರ ನೀವು ಮೊದಲೇ ಹೇಳಬೇಕಿತ್ತು. ಕೆರೆಯ ಬಲಕ್ಕೆ ಇದ್ದದ್ದು ಬಚಾವು, ಕಣ್ಣಿಗೆ ಬಿತ್ತು" ಎಂದರು. ಗೈಡ್ ಆಗಿ ಲಾಯ ಗೊತ್ತಿಲ್ಲ ಎನ್ನುವ ಹಾಗಿಲ್ಲ. "ಅದನ್ನು ನೀವಾಗಿ ಕಂಡುಹಿಡಿಯಲಿ ಅಂತ ಬಿಟ್ಟದ್ದು" ಎಂದುಬಿಟ್ಟೆ. ಬೆಳಿಗ್ಗೆ ಮರದ ಕುದುರೆ ನೋಡಿ ಬಂದ ವಕೀಲರಿಗೆ ಸಂಜೆ ತಮಾಷೆಗೆಂದು ಕಲ್ಲಿನ ಲಾಯ ಹೊಳೆದಿತ್ತು ಎಂಬುದು ನನ್ನ ತಲೆಗೆ ಹೋಗಲೇ ಇಲ್ಲ.

ಮುಂದಿನ ಭಾನುವಾರ ಜನರನ್ನು ಕಳಿಸುವಾಗ, "ಕೆರೆಯ ಬಲಕ್ಕೆ ಕುದುರೆ ಲಾಯ ಉಂಟು, ತಪ್ಪಿಸಿಕೊಳ್ಳಬೇಡಿ" ಎಂದೆ. ಇಳಿದು ಬಂದಾಗ "ಲಾಯ ನೋಡಿದಿರಾ?" ಎಂದು ಕೇಳಿದೆ. ಆರು ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅಷ್ಟು ಮೆಟ್ಟಿಲು ಹತ್ತಿ, ಬೆವರು ಸುರಿಸಿ, ಮುಖ್ಯವಾದದ್ದನ್ನೇ ನೋಡಲಿಲ್ಲ ಎನ್ನಲು ಯಾರಿಗೆ ಮನಸ್ಸಾಗುತ್ತದೆ? "ನೋಡಿದೆವು" ಎಂದರು ಒಬ್ಬರು. "ಸ್ವಲ್ಪ ಹಾಳಾಗಿದೆ" ಎಂದರು ಇನ್ನೊಬ್ಬರು. ಅದರ ಮುಂದಿನ ವಾರದವರು ಹುಲ್ಲು ಹಾಕುವ ಕಲ್ಲಿನ ಮರಿಗೆ ಕಂಡರು. ಮಳೆಗಾಲಕ್ಕೆ ಕೆಲಸ ನಿಲ್ಲುವ ಹೊತ್ತಿಗೆ ಅಲ್ಲಿ ಹನ್ನೊಂದು ಕುದುರೆ ಕಟ್ಟುವ ಜಾಗ ಇತ್ತು.

ಕಾಮತ್ ಮಾಮ್‌ಗೆ ಹೇಳಿದಾಗ ಅವರು ದೋಸೆ ಹೆಂಚಿನ ಎದುರಿನಿಂದ ತಿರುಗಿಯೂ ನೋಡಲಿಲ್ಲ. "ನನಗೆ ಗೊತ್ತಿಲ್ವಾ? ಸಣ್ಣವನಿರುವಾಗ ಹತ್ತಿ ನೋಡಿದ್ದೇನೆ" ಎಂದರು. ಮುಂದಿನ ಸಲದ ಹ್ಯಾಂಡ್‌ಬಿಲ್ಲಿನಲ್ಲಿ ದಪ್ಪ ಅಕ್ಷರದಲ್ಲಿ ಬಂತು: ಬೆಟ್ಟದ ನೆತ್ತಿಯ ಅಪೂರ್ವ ಕುದುರೆ ಲಾಯ.

ಮೂರನೇ ವರ್ಷ, ಮಳೆ ಕಳೆದು ದಾರಿ ಒಣಗಿದ ಮೇಲೆ ಒಂದು ಕಾಗದ ಬಂತು. ಮೈಸೂರಿನಿಂದ ವಿದ್ಯಾ ಇಲಾಖೆಯ ಒಬ್ಬ ಅಧಿಕಾರಿ ಬರುತ್ತಾರಂತೆ. ನಮ್ಮ ಏರ್ಪಾಡು ಒಪ್ಪಿಗೆಯಾದರೆ ಕಾಲೇಜು ಮಕ್ಕಳನ್ನು ತಂಡ ತಂಡವಾಗಿ ಕಳಿಸುತ್ತಾರಂತೆ. ಗೈಡ್ ಕೋಟೆಯ ನೆತ್ತಿಯಲ್ಲಿ ನಿಂತು ವಿವರಣೆ ಕೊಡುವುದನ್ನು ಅವರು ನೋಡಬೇಕಂತೆ. ಮಾಮ್ ಕಾಗದವನ್ನು ಮೂರು ಸಲ ಓದಿ ಹೇಳಿದರು, "ನಾನೂ ಬರ್ತೇನೆ. ಚಂದ ಮಾಡಿ ಹೇಳು ಸಂಜೀವ. ಇದು ಆಯ್ತೋ, ವರ್ಷವಿಡೀ ಕೆಲಸ. ಆಗದಿದ್ರೆ ವ್ಯಾನು ಮಾರುದು."

ಅಧಿಕಾರಿ ಬರಲು ಎರಡು ಭಾನುವಾರ ಇತ್ತು. ಆ ಕೆಲಸವೆಂದರೆ ನನಗೆ ಪ್ರಾಣ. ಅಪರಿಚಿತ ಆರು ಜನ ಬೆಳಿಗ್ಗೆ ಮುಖ ಬಿಗಿದು ವ್ಯಾನು ಹತ್ತಿ, ಸಂಜೆ ಬಂಟ್ವಾಳದಲ್ಲಿ ಒಬ್ಬರಿಗೊಬ್ಬರು ವಿಳಾಸ ಬರೆದುಕೊಟ್ಟು ಇಳಿಯುವುದನ್ನು ನೋಡುವ ಸುಖ ಬೇರೆ ಯಾವ ಕೆಲಸದಲ್ಲಿ ಉಂಟು? ಅದು ಕೈಬಿಟ್ಟು ಹೋಗುವುದಕ್ಕಿಂತ ಹೆಚ್ಚಾಗಿ, ಮೂರು ವರ್ಷ ಊರಿಗೇ ಮೋಸ ಮಾಡಿದವ ಎಂದು ಹೆಸರು ಬರುವುದನ್ನು ನೆನೆದು ಹೆದರಿದೆ. ಕೊನೆಗೆ ಕಾಲು ಉಳುಕಿತೆಂದು ಹೇಳುವುದೆಂದು ತೀರ್ಮಾನಿಸಿ, ಹೋಟೆಲಿನ ಹಿಂದಿನ ಅಂಗಳದಲ್ಲಿ ಕುಂಟುವುದನ್ನು ಅಭ್ಯಾಸ ಮಾಡಿದೆ.

ಹಸನಬ್ಬ ಬೀಡಿ ಸೇದುತ್ತ ನೋಡಿದ. "ಎಡಗಾಲೋ ಬಲಗಾಲೋ ಮೊದಲೇ ನಿಶ್ಚಯ ಮಾಡು ಮಾರಾಯ. ನಿನ್ನೆ ಎಡ ಇತ್ತು."

ಆ ನಡುವಿನ ಭಾನುವಾರ ಪೂವಕ್ಕ ಬಂದರು. ಮುಂಡಾಜೆಯ ಕೃಷಿಕರ ಮನೆಯ ಹೆಂಗಸು, ಅರುವತ್ತು ದಾಟಿದವರು. ಮೂಡಬಿದಿರೆಯಲ್ಲಿ ಮೇಷ್ಟ್ರಾಗಿದ್ದ ಅಳಿಯ ಅವರನ್ನು ಕರೆದುಕೊಂಡು ಬಂದಿದ್ದರು. ವ್ಯಾನಿನಲ್ಲಿ ಎಲ್ಲರಿಗೂ ಬಾಳೆಹಣ್ಣು ಹಂಚಿದರು. ಅವರ ತವರು ಗಡಾಯಿಕಲ್ಲಿನ ಬುಡದಲ್ಲೇ. ಮದುವೆಗೆ ಮೊದಲು ಮಾಡಿಗೆ ಹೊದಿಸುವ ಮುಳಿಹುಲ್ಲು ಕೊಯ್ಯಲು ಬೆಟ್ಟ ಹತ್ತಿದ್ದವರು, ಮತ್ತೆ ನಲವತ್ತು ವರ್ಷ ಆ ಕಡೆ ಹೋಗಿರಲಿಲ್ಲ.

ಕುಸಿದ ಬಾಗಿಲಿನ ಹತ್ತಿರ ನಾನು ಎಂದಿನ ಮಾತು ಹೇಳಿ ಲಾಯದ ವಿಷಯಕ್ಕೆ ಬಂದೆ. ಬೇರೆಯವರೆಲ್ಲ ಅಳಿಯನ ಜೊತೆ ಮುಂದೆ ಹೋದರು. ಪೂವಕ್ಕ ಮಾತ್ರ ಅಲ್ಲೇ ನಿಂತರು.

"ಲಾಯ ಎಲ್ಲಿ ಅಂದೆ?"

"ಕೆರೆಯ ಬಲಕ್ಕೆ, ಪೂವಕ್ಕ."

"ಕೆರೆಯ ಬಲಕ್ಕೆ ಕಲ್ಲು ಜಾರ್ತದೆ. ಅಲ್ಲಿ ಆಡೂ ನಿಲ್ಲುದಿಲ್ಲ. ಈ ಮೆಟ್ಟಿಲಲ್ಲಿ ಕುದುರೆ ಹೇಗೆ ಹತ್ತಿತು, ಹೊತ್ತುಕೊಂಡು ಹೋದದ್ದಾ?" ಎಂದು ನನ್ನ ಮುಖವನ್ನೇ ನೋಡಿದರು. "ಮಗಾ, ನೀನು ಮೇಲೆ ಹೋಗಿದ್ದೀಯಾ?"

ಮೂರು ವರ್ಷದಲ್ಲಿ ಯಾರೂ ಕೇಳದ ಪ್ರಶ್ನೆ. ಬಾಯಿಗೆ ಸುಳ್ಳು ಬರಲಿಲ್ಲ. "ಇಲ್ಲ" ಎಂದೆ. ಎಂದವನು ಎಲ್ಲವನ್ನೂ ಒದರಿಬಿಟ್ಟೆ, ತಲೆ ತಿರುಗುವುದು, ಅಧಿಕಾರಿ ಬರುವುದು, ಕುಂಟುವ ಅಭ್ಯಾಸ, ಎಲ್ಲ. ಪೂವಕ್ಕ ಸೆರಗು ಬಾಯಿಗಿಟ್ಟುಕೊಂಡು ನಕ್ಕರು. ನಗು ಮುಗಿಯಲು ಬಹಳ ಹೊತ್ತು ಹಿಡಿಯಿತು.

"ಚಪ್ಪಲಿ ತೆಗಿ" ಎಂದರು ಕೊನೆಗೆ. "ಹುಲ್ಲಿನ ಹೊರೆ ಹೊತ್ತವರು ಹತ್ತುದು ಇಳಿಯುದು ಹೇಗೆ ಗೊತ್ತುಂಟಾ? ಮುಂದಿನವರ ಹಿಮ್ಮಡಿ ನೋಡಿಕೊಂಡು. ಆಚೆ ಇಲ್ಲ, ಈಚೆ ಇಲ್ಲ. ನನ್ನ ಹಿಮ್ಮಡಿ ನೋಡು. ಹೋಗುವ."

ಸೀರೆ ಎತ್ತಿ ಕಟ್ಟಿ ಅವರು ಮುಂದೆ ಹೊರಟರು. ನಾನು ಹಿಂದೆ. ಪೂವಕ್ಕನ ಬಲ ಹಿಮ್ಮಡಿಯಲ್ಲಿ ಮೂರು ಬಿರುಕು, ಎಡದಲ್ಲಿ ಎರಡು. ಆ ಐದು ಬಿರುಕನ್ನು ಬಿಟ್ಟು ಲೋಕದಲ್ಲಿ ಬೇರೇನೂ ಇಲ್ಲ ಎಂದುಕೊಂಡು ಹತ್ತಿದೆ. ಒಂದು ಕಡೆ ಜೋರಾಗಿ ಗಾಳಿ ಬೀಸಿತು. ನಾನು ನಿಂತೆ. ಅವರು ತಿರುಗದೆಯೇ, "ಮುಂಡಾಜೆಯಲ್ಲಿ ಈ ಸಲ ಬದನೆ ಲಾಯ್ಕ ಆಗಿದೆ" ಎಂದರು. ಅಂಥ ಹೊತ್ತಿನಲ್ಲಿ ಬದನೆಯ ಮಾತು ಕೇಳಿ ನಗು ಬಂತು, ಕಾಲು ತಾನಾಗಿ ಎದ್ದಿತು.

ನೆತ್ತಿ ಮುಟ್ಟಿದ್ದು ಯಾವಾಗ ಎಂದು ತಿಳಿಯಲಿಲ್ಲ. ಹಿಮ್ಮಡಿ ನಿಂತಿತು, ತಲೆ ಎತ್ತಿದೆ. ನನಗಾದ ಸಂತೋಷವನ್ನು ಹೇಗೆ ಹೇಳಲಿ? ಎಷ್ಟೋ ಜನರ ಬಾಯಿಂದ ಕೇಳಿದ ಕೆರೆ ಅಲ್ಲಿತ್ತು. ಗೋಡೆ ಇತ್ತು. ಫಿರಂಗಿ ಇತ್ತು. ನಾನು ವರ್ಣಿಸಿದ್ದಕ್ಕಿಂತ ಎಲ್ಲವೂ ಸ್ವಲ್ಪ ಸಣ್ಣದು, ಗಾಳಿ ಮಾತ್ರ ದೊಡ್ಡದು. ಕೆಳಗೆ ಲಾಯಿಲದ ಮಾಡುಗಳು ಕಾಣುತ್ತಿದ್ದವು. ಅದರಲ್ಲಿ ನಮ್ಮದು ಯಾವುದೆಂದು ಹುಡುಕುತ್ತ, ತಲೆ ತಿರುಗುವುದನ್ನೇ ಮರೆತೆ.

ಪೂವಕ್ಕ ನನ್ನನ್ನು ಕೆರೆ ದಾಟಿಸಿ, ಒಂದು ಚಪ್ಪಟೆ ಬಂಡೆಯ ಹತ್ತಿರ ಕೂತು, ಮುಳಿಹುಲ್ಲನ್ನು ಕೈಯಿಂದ ಬದಿಗೆ ಸರಿಸಿದರು. ಕಲ್ಲಿನಲ್ಲಿ ಎರಡು ಸಾಲು ಕುಳಿ. ಸಾಲಿಗೆ ಏಳರಂತೆ ಹದಿನಾಲ್ಕು. ಜೋರು ಮಳೆಯ ಆಟಿ ತಿಂಗಳಲ್ಲಿ ನಮ್ಮ ಮನೆಗಳಲ್ಲಿ ಆಡುವ ಚೆನ್ನೆಮಣೆಯೇ, ಮರದ ಬದಲು ಬಂಡೆಯಲ್ಲಿ.

"ಅಕ್ಕತಂಗಿ ಎದುರುಬದುರು ಕೂತು ಚೆನ್ನೆ ಆಡಬಾರ್ದು ಅಂತ ಉಂಟಲ್ಲ" ಎಂದರು. "ಮನೆಯಲ್ಲಿ ಅಮ್ಮ ಬಿಡುದಿಲ್ಲ. ಇಲ್ಲಿ ನೋಡ್ಲಿಕ್ಕೆ ಯಾರಿದ್ದಾರೆ? ಹುಲ್ಲು ಕೊಯ್ಯುದು ಸ್ವಲ್ಪ, ನಾನೂ ತಂಗಿಯೂ ಆಡುದು ಹೆಚ್ಚು. ಅವಳನ್ನು ಘಟ್ಟದ ಮೇಲೆ ಕೊಟ್ಟದ್ದು. ತೀರಿಕೊಂಡು ನಾಲ್ಕು ವರ್ಷ ಆಯ್ತು. ಕುಳಿ ಇದೆಯೋ ಇಲ್ಲವೋ ನೋಡುವ ಅಂತ ಬಂದೆ."

"ಇದನ್ನು ಕಡಿದವರು ಯಾರು?"

"ಕೋಟೆ ಕಾಯುವವರಂತೆ. ನಮ್ಮ ಅಜ್ಜಿ ಹೇಳ್ತಿದ್ರು. ಯುದ್ಧ ಬರುವವರೆಗೆ ಹೊತ್ತು ಹೋಗಬೇಕಲ್ಲ."

ಇರುವೆ ಲೆಕ್ಕ ಹಾಕಿದ ಸುಬೇದಾರರು ನನಗೆ ಆ ಕ್ಷಣ ಅರ್ಥವಾದರು. ಕೈ ಬೀಸಿ ಕಾಲು ಕುಟ್ಟಿ ಕಥೆ ಹೇಳಿದ ಮೂರು ವರ್ಷಕ್ಕೆ ನಾಚಿಕೆಯಾಯಿತು. ನಾವಿಬ್ಬರೂ ಸಣ್ಣ ಕಲ್ಲು ಹೆಕ್ಕಿ ಒಂದು ಆಟ ಆಡಿದೆವು. ಸೋತೆ. ಪೂವಕ್ಕನ ಕಣ್ಣು ಒದ್ದೆಯಾಗಿತ್ತು, ಆದರೆ ಗೆದ್ದ ಕಲ್ಲುಗಳನ್ನು ಒಂದೂ ಬಿಡದೆ ಬಾಚಿಕೊಂಡರು.

ಇಳಿಯುವಾಗಿನ ಅವಸ್ಥೆ ಬೇರೆ. ಕೂತು ಕೂತು, ಜಾರಿ ಜಾರಿ ಬಂದು ಪಂಚೆಯ ಹಿಂಬದಿ ಹರಿಯಿತು. "ಗೈಡ್ ಎಂತ ಮಾಡ್ತಿದ್ದಾರೆ?" ಎಂದು ಒಬ್ಬರು ಕೇಳಿದಾಗ ಪೂವಕ್ಕ, "ಮೆಟ್ಟಿಲು ಗಟ್ಟಿ ಉಂಟಾ ಅಂತ ನೋಡ್ತಿದ್ದಾನೆ" ಎಂದರು.

ಮುಂದಿನ ಭಾನುವಾರ ಅಧಿಕಾರಿ ಬಂದರು. ಕಾಮತ್ ಮಾಮ್ ಮದುವೆಗೆ ಹೊಲಿಸಿದ ಕೋಟು ಹಾಕಿಕೊಂಡಿದ್ದರು. ಆದರೆ ಕುಸಿದ ಬಾಗಿಲಿಗೆ ಬರುವಷ್ಟರಲ್ಲಿ ಅವರ ಉಸಿರು ಮುಗಿಯಿತು. "ನೀವು ಹೋಗಿ, ನಾನು ನೋಡಿದ್ದೇ ಅಲ್ವಾ" ಎಂದು ನನ್ನ ಕಲ್ಲಿನ ಮೇಲೆ ಕೂತರು. ನಾನು ಚಪ್ಪಲಿ ಬಿಟ್ಟು, "ಯಾರಾದರೂ ಜಾರಿದರೆ ಹಿಡಿಯಲಿಕ್ಕೆ ಗೈಡ್ ಹಿಂದಿರಬೇಕು ಸಾರ್" ಎಂದು ಅಧಿಕಾರಿಯ ಬೂಟಿನ ಹಿಮ್ಮಡಿ ನೋಡುತ್ತ ಹತ್ತಿದೆ. ಅದರಲ್ಲಿ ಎರಡು ಮೊಳೆ ಎದ್ದಿತ್ತು.

ನೆತ್ತಿಯಲ್ಲಿ ಅವರು ಕಿಸೆಯಿಂದ ಹ್ಯಾಂಡ್‌ಬಿಲ್ಲು ತೆಗೆದರು. "ಎಲ್ಲಿದೆ ರೀ ಈ ಕುದುರೆ ಲಾಯ?"

ದಾರಿಯುದ್ದಕ್ಕೂ ಇದಕ್ಕೆ ಹತ್ತು ಉತ್ತರ ಯೋಚಿಸಿದ್ದೆ. ಬಿದ್ದುಹೋಯಿತು, ಕಾಡು ಮುಚ್ಚಿತು, ಸಿಡಿಲು ಹೊಡೆಯಿತು. "ಇಲ್ಲ ಸಾರ್" ಎಂದೆ. "ಯಾವತ್ತೂ ಇರಲಿಲ್ಲ. ನಾನು ನೋಡದೆ ಹೇಳಿದ್ದು. ಮೇಲೆ ಹತ್ತಿದ್ದೇ ಹೋದ ವಾರ."

ಅವರು ಕಾಗದವನ್ನು ನೋಡಿದರು, ನನ್ನನ್ನು ನೋಡಿದರು. ನನ್ನ ಕೆಲಸ ಆ ಕಾಗದದ ಜೊತೆ ಗಾಳಿಗೆ ಹಾರುತ್ತದೆ ಎಂದುಕೊಂಡೆ.

"ಮತ್ತೆ ಏನಿದೆ ಇಲ್ಲಿ?" ಎಂದರು.

ಕುಳಿಗಳ ಹತ್ತಿರ ಕರೆದುಕೊಂಡು ಹೋದೆ. ಕೈ ಬೀಸಲಿಲ್ಲ, ಕಾಲು ಕುಟ್ಟಲಿಲ್ಲ. ಕಾದು ಕಾದು ಬೇಸತ್ತವರು ಬಂಡೆ ಕಡಿದು ಆಡಿದ್ದನ್ನು, ಅವರ ಮೇಲೆ ಯುದ್ಧ ಬಂದದ್ದನ್ನು, ಎಷ್ಟೋ ಕಾಲದ ಮೇಲೆ ಇಬ್ಬರು ಅಕ್ಕತಂಗಿಯರು ಕದ್ದು ಅದೇ ಕುಳಿಯಲ್ಲಿ ಆಡಿದ್ದನ್ನು ಕೇಳಿದ ಹಾಗೆಯೇ ಹೇಳಿದೆ. ಅಧಿಕಾರಿ ಬೂಟು ಬಿಚ್ಚಿ ಬಂಡೆಯ ಮೇಲೆ ಕೂತರು. "ನಮ್ಮ ಕಡೆ ಇದನ್ನ ಅಳಗುಳಿ ಮಣೆ ಅಂತೀವಿ. ನಮ್ಮಜ್ಜಿ ಜೊತೆ ಆಡ್ತಿದ್ದೆ" ಎಂದರು. ನಾನು ಕಿಸೆಯಲ್ಲಿ ಚೆನ್ನೆ ಆಡುವ ಕೆಂಪು ಮಂಜೊಟ್ಟಿ ಬೀಜ ತಂದಿದ್ದೆ. ಆ ದಿನವೂ ಸೋತೆ.

ಎದ್ದು ಬೂಟು ಹಾಕುತ್ತ ಅವರು ಹೇಳಿದರು, "ಮಕ್ಕಳನ್ನ ಕಳಿಸ್ತೀವಿ. ಲಾಯ ಮಾತ್ರ ಕಾಗದದಿಂದ ತೆಗೀರಿ."

ಕೆಳಗೆ ಬಾಗಿಲಿನಲ್ಲಿ ಅಧಿಕಾರಿ ನಿಲ್ಲದೆ ಮುಂದೆ ಇಳಿದರು. ವ್ಯಾನಿನ ಹತ್ತಿರ ಹಸನಬ್ಬ ಎಳನೀರಿನ ಬೊಂಡ ಕೆತ್ತಿಸಿ ಇಟ್ಟಿದ್ದ. ಕಾಮತ್ ಮಾಮ್ ಕೋಟು ಬಿಚ್ಚಿ ಅದೇ ಕಲ್ಲಿನ ಮೇಲೆ ಕೂತಿದ್ದರು. ಸುದ್ದಿ ಹೇಳಿದೆ. ಅವರು ನನ್ನ ಭುಜ ತಟ್ಟಿ, ಸುತ್ತ ಯಾರೂ ಇಲ್ಲವೆಂದು ನೋಡಿ, ದನಿ ತಗ್ಗಿಸಿದರು.

"ಸಂಜೀವ, ಮೇಲೆ ಎಂತ ಎಲ್ಲ ಉಂಟು? ಹೇಳು ನೋಡುವ."

ಮೂರು ವರ್ಷ ನಾನು ಕೇಳಿದ ಪ್ರಶ್ನೆ, ನಾನು ಕೂತ ಕಲ್ಲಿನ ಮೇಲಿಂದಲೇ. ಅವರ ಪಕ್ಕದಲ್ಲಿ ಕೂತು ಎಲ್ಲ ಹೇಳಿದೆ. ಕೆರೆ, ಗೋಡೆ, ಫಿರಂಗಿ, ಗಾಳಿ, ಹದಿನಾಲ್ಕು ಕುಳಿ.

"ಮತ್ತೆ ಲಾಯ?"

"ಇಲ್ಲ ಮಾಮ್."

ಅವರು ಕೋಟಿನ ಗುಂಡಿ ತಿರುಗಿಸಿದರು. "ನಾನು ನೋಡುವಾಗ ಇತ್ತು ಮಾರಾಯ" ಎಂದರು.

ನಾನು ಎದ್ದು ನಿಂತೆ. "ಹಾಗಾದ್ರೆ ಎಲ್ಲಿತ್ತೂಂತ ತೋರಿಸಿ ಬನ್ನಿ ಮಾಮ್. ಆಚೀಚೆ ನೋಡ್ಬೇಡಿ, ನನ್ನ ಹಿಮ್ಮಡಿ ಮಾತ್ರ ನೋಡಿ."

ಅವರು ಎದ್ದರು. ಆ ಬೋಳು ಕಲ್ಲಿನ ಮೇಲೆ ನಾನು ಮೊದಲ ಸಲ ಮುಂದೆ ನಡೆದೆ, ನೋಡಲು ಯಾರ ಹಿಮ್ಮಡಿಯೂ ಇಲ್ಲದೆ. ಹಿಂದೆ ಒಬ್ಬರಿದ್ದಾರಲ್ಲ, ನಿಲ್ಲುವ ಹಾಗಿರಲಿಲ್ಲ. ಅರ್ಧ ದಾರಿಯಲ್ಲಿ ಹಿಂದಿನಿಂದ ಏದುಸಿರಿನ ನಡುವೆ ಮಾಮ್ ಕೇಳಿದರು:

"ನಿನ್ನ ಹಿಮ್ಮಡಿ ಇಷ್ಟು ಒಡೆದಿದೆಯಲ್ಲ ಸಂಜೀವ, ಎಣ್ಣೆ ಹಚ್ಚುದಿಲ್ವಾ?"